ಆ ಪಿಚ್ಚರ ಯಾರು ನೋಡಿದ್ದರು?

ಬೆಳಿಗ್ಗೆ ಎದ್ದು ಫೋನು ಕೈಗೆತ್ತಿಕೊಂಡರೆ ಮೊದಲು ಕಾಣುವುದು ಒಂದು ಪ್ರಶ್ನೆ: ‘ಸುನಂದಾ, ಇವತ್ತು ನಗಲು ಸಿದ್ಧರಿದ್ದೀರಾ?’ ಕೇಳುವುದು ಮನುಷ್ಯರಲ್ಲ, ಸಿನೆಮಾ ತೋರಿಸುವ ಒಂದು ಆ್ಯಪ್. ನಾನು ಸಿದ್ಧಳಿಲ್ಲ. ಮೂರು ತಿಂಗಳಿಂದ ಸಿದ್ಧಳಿಲ್ಲ. ಈ ಪ್ರಶ್ನೆ ಕೇಳುವ ನೈತಿಕ ಹಕ್ಕು ಅದಕ್ಕಿಲ್ಲ ಎಂಬುದು ನನ್ನ ಖಚಿತ ಅಭಿಪ್ರಾಯ. ಯಾಕೆಂದು ಹೇಳುತ್ತೇನೆ. ನನ್ನ ಸಿಟ್ಟು ನ್ಯಾಯವಾದದ್ದೋ ಅಲ್ಲವೋ ನೀವೇ ನೋಡಿ.

ನಾನು ಹುಡುಕಿದ್ದು ಒಂದು ಹಳೆಯ ಹಾಸ್ಯಚಿತ್ರ. ಹೆಸರು ಹೇಳುವುದಿಲ್ಲ. ಹೇಳಿದರೆ ನೀವೂ ಹುಡುಕಲು ಕೂರುತ್ತೀರಿ, ನಿಮ್ಮ ಮನೆಯಲ್ಲೂ ಅಡುಗೆ ಸೀಯುತ್ತದೆ. ಅದನ್ನು ನೋಡಬೇಕೆಂಬ ಆಸೆ ನನ್ನದಾಗಿರಲಿಲ್ಲ, ಅದು ನಮ್ಮ ಕಾಕಾನ ಮರ್ಯಾದೆಯ ಪ್ರಶ್ನೆಯಾಗಿತ್ತು.

ಕಾಕಾ ಬನಹಟ್ಟಿಯಲ್ಲಿ ನಲವತ್ತು ವರ್ಷ ಪವರ್‌ಲೂಮ್ ನಡೆಸಿದವರು. ಪಕ್ಕದ ಮಗ್ಗಗಳ ಮುಂದೆ ಅಷ್ಟೇ ವರ್ಷ ನಿಂತವರು ರಾಜೇಸಾಬ ಮಾಮಾ. ಮಗ್ಗ ಬಿಟ್ಟ ಮೇಲೂ ಇಬ್ಬರೂ ದಿನಾ ಸಂಜೆ ಬಸ್‌ಸ್ಟ್ಯಾಂಡಿನ ಹತ್ತಿರದ ಚಹಾದಂಗಡಿಯಲ್ಲಿ ಕೂರುತ್ತಿದ್ದರು. ಇಬ್ಬರಿಗೂ ಕಿವಿ ಮಂದ. ಮಗ್ಗದ ಸದ್ದಿನಲ್ಲಿ ಅಷ್ಟು ವರ್ಷ ಕಳೆದ ಮೇಲೆ ಕಿವಿ ಇನ್ನೇನಾದೀತು? ಒಂದು ಸಂಜೆ ಅಂಗಡಿಯ ಟಿವಿಯಲ್ಲಿ ಆ ಚಿತ್ರದ ಒಂದು ಹಾಡು ಬಂತಂತೆ. ಅಲ್ಲಿಂದ ಶುರುವಾಯಿತು.

“ಈ ಪಿಚ್ಚರಕ್ಕ ನಾ ಹೋಗಿದ್ದೆ. ನೀ ನನ್ನ ಮಗ್ಗ ನೋಡಕೋತ ನಿಂತಿದ್ದಿ,” ಅಂದರು ಕಾಕಾ.

“ಏನ ಮಾತಾಡತಿಯೋ ಈರ್ಯಾ! ನಾ ಹೋಗಿದ್ದೆ, ನೀ ನಿಂತಿದ್ದಿ. ನಾ ಹೇಳಿದ್ದ ಕೇಳಿ ಕೇಳಿ ನಿನಗ ನೋಡಿದಂಗ ಆಗೇತಿ.”

“ಸುಳ್ಳ ಹೇಳಬ್ಯಾಡ ಲೇ ರಾಜ್ಯಾ.”

“ಸುಳ್ಳ ಯಾರ ಹೇಳತಾರ? ನಲವತ್ತ ವರ್ಷ ನನ್ನ ಪಿಚ್ಚರ ನಿಂದಂತ ಊರ ಮಂದಿಗೆ ಹೇಳಕೋತ ಅಡ್ಡಾಡಿದಾಂವ ನೀ!”

ಇಷ್ಟು ಮಾತು ಬಾಯಿಂದ. ಉಳಿದದ್ದು ಕೈಯಿಂದ. ಇಬ್ಬರೂ ಎದ್ದು ನಿಂತು ಗಾಳಿಯಲ್ಲಿ ಕೈ ಬೀಸತೊಡಗಿದಾಗ ಹೊಡೆದಾಟವೇ ಆಯಿತೆಂದು ಆಟೋದವರು ಓಡಿ ಬಂದರಂತೆ. ಚಹಾದಂಗಡಿಯವರೇ ನನಗೆ ಹೇಳಿದ್ದು. ಮರುದಿನದಿಂದ ಕಾಕಾ ಅಲ್ಲಿಗೆ ಹೋಗಲಿಲ್ಲ. ರಾಜೇಸಾಬ ಮಾಮಾನೂ ಹೋಗಲಿಲ್ಲ.

ಈ ಜಗಳ ಅರ್ಥವಾಗಬೇಕಾದರೆ ನಿಮಗೆ ಮಗ್ಗದ ಮನೆಯ ಒಂದು ಪದ್ಧತಿ ಗೊತ್ತಿರಬೇಕು. ಒಬ್ಬ ನೇಕಾರನಿಗೆ ಎರಡು ಮಗ್ಗ. ಮ್ಯಾಟಿನಿಗೆ ಹೋಗಬೇಕೆನಿಸಿದರೆ ಪಕ್ಕದವನು ಅವನ ಎರಡನ್ನೂ ಸೇರಿಸಿ ನಾಲ್ಕು ಮಗ್ಗ ಓಡಾಡಿ ನೋಡಿಕೊಳ್ಳುತ್ತಿದ್ದ. ಅದಕ್ಕೆ ಪ್ರತಿಯಾಗಿ ನೋಡಿ ಬಂದವನು ಮರುದಿನ ಇಡೀ ಪಿಚ್ಚರ ಹೇಳಬೇಕು. ಹೇಳುವುದೆಂದರೆ ಕೈಯಲ್ಲಿ. ಮೂವತ್ತು ಮಗ್ಗ ಒಟ್ಟಿಗೆ ಹೊಡೆದುಕೊಳ್ಳುವ ಕೋಣೆಯಲ್ಲಿ ಬಾಯಿಗೆ ಕೆಲಸವಿಲ್ಲ. ಕಿರುಬೆರಳೆತ್ತಿದರೆ ನೂಲು ಹರಿದಿದೆ ಎಂದರ್ಥ. ಮೀಸೆ ತಿರುವಿದರೆ ಮಾಲೀಕರು ಬಂದರು. ಎರಡೂ ಕೈ ಒಂದರ ಸುತ್ತ ಒಂದು ಸುತ್ತಿದರೆ ಸೀರೆಯ ಸುರುಳಿ ತುಂಬಿತು. ಇಷ್ಟೇ ಬಂಡವಾಳದಲ್ಲಿ ಅವರು ನಾಯಕ, ನಾಯಕಿ, ಮಾವ, ಪೊಲೀಸು, ಹಾಡು, ಕುಣಿತ ಎಲ್ಲವನ್ನೂ ತೋರಿಸುತ್ತಿದ್ದರು. ಹರಿದ ನೂಲನ್ನು ಕಟ್ಟುವಾಗ ಇಂಟರ್ವಲ್.

ಸಾಲೆ ಬಿಟ್ಟ ಮೇಲೆ ನಾನು ಸೀದಾ ಮಗ್ಗದ ಮನೆಗೆ ಹೋಗುತ್ತಿದ್ದೆ. ಚಿಗವ್ವ, ಅಂದರೆ ಕಾಕಾನ ಹೆಂಡತಿ, ಅಲ್ಲಿ ಕಂಡಿಕೆ ಸುತ್ತುತ್ತಿದ್ದಳು. ಲಾಳಿಯ ಹೊಟ್ಟೆಯೊಳಗೆ ಕೂರುವ ನೂಲಿನ ಸಣ್ಣ ಕೊಳವೆ ಅದು. ಅದರಲ್ಲಿ ಒಂದು ಈಗಲೂ ನನ್ನ ಮೇಜಿನ ಮೇಲಿದೆ, ಕಾಗದ ಹಾರದಂತೆ ಇಡಲು. ನಾನು ನೂಲಿನ ಮೂಟೆಯ ಮೇಲೆ ಕೂತು ಕಾಕಾನ ಪಿಚ್ಚರ ನೋಡುತ್ತಿದ್ದೆ. ಆ ಚಿತ್ರದ ಒಂದು ದೃಶ್ಯಕ್ಕಂತೂ ಇಡೀ ಮಗ್ಗದ ಮನೆ ಕಾಯುತ್ತಿತ್ತು. ಮಾವನ ಕೈಗೆ ಸಿಗಬಾರದೆಂದು ನಾಯಕ ಸೀರೆಯ ಸುರುಳಿಯೊಳಗೆ ಸುತ್ತಿಕೊಂಡು ನಿಲ್ಲುತ್ತಾನೆ. ವ್ಯಾಪಾರಿ ಬಂದು ಆ ಸುರುಳಿಯನ್ನೇ ಆರಿಸಿ, ಕತ್ತರಿ ಹಿಡಿದು, ಎಲ್ಲಿ ಕತ್ತರಿಸಲಿ ಎಂದು ಮೇಲೆ ಕೆಳಗೆ ನೋಡುತ್ತಾನೆ. ಕಾಕಾ ಮೊದಲು ಕತ್ತರಿಯಾಗುತ್ತಿದ್ದರು, ಆಮೇಲೆ ಸುರುಳಿಯೊಳಗಿನ ಕಣ್ಣಾಗುತ್ತಿದ್ದರು. ನಾವು ಬಿದ್ದು ಬಿದ್ದು ನಗುತ್ತಿದ್ದೆವು.

ಕಾಕಾನ ವಾದ ಸರಳ. “ಕತ್ತರಿ ಬರತೈತಿ. ಅದು ನೋಡಿದಾಂವಗಷ್ಟ ಗೊತ್ತ. ರಾಜ್ಯಾ ಏನಂತಾನ, ವ್ಯಾಪಾರಿ ಸೆರಗ ಹಿಡದ ಎಳದ್ರ ಹೀರೋ ಬುಗರಿ ತಿರಗಿದಂಗ ತಿರಕೋತ ಹೊರಗ ಬೀಳತಾನಂತ. ಎಲ್ಲಿ ಬುಗರಿ? ಸುನೀ, ನೀ ಓದಿದಾಕಿ. ಆ ಪಿಚ್ಚರ ಹುಡುಕಿ ತೋರಸ. ಕತ್ತರಿ ಇದ್ರ ನಾ ಖರೆ, ಬುಗರಿ ಇದ್ರ ಆಂವ ಖರೆ. ಈ ವಯಸ್ಸಿನ್ಯಾಗ ನಾ ಸುಳ್ಳಬುರಕ ಅನಿಸಿಕೋಬೇಕೇನ?”

ನಾನು ಧಾರವಾಡದಲ್ಲಿ ಎಂ.ಎ. ಮಾಡಿ ಜಮಖಂಡಿಯ ಒಂದು ಕಾಲೇಜಿನಲ್ಲಿ ಗ್ರಂಥಪಾಲಕಿಯಾಗಿರುವವಳು, ಕಾಕಾನ ಮನೆಯಿಂದಲೇ ದಿನಾ ಬಸ್ಸಿನಲ್ಲಿ ಹೋಗಿಬರುತ್ತೇನೆ. ಹುಡುಕುವುದೇ ನನ್ನ ಹೊಟ್ಟೆಪಾಡು. ಅರ್ಧ ಗಂಟೆಯ ಕೆಲಸ ಅಂದುಕೊಂಡೆ. ಆ ಅಹಂಕಾರವನ್ನು ದಿನಚರಿಯಲ್ಲಿ ಬರೆದೂ ಇಟ್ಟಿದ್ದೇನೆ: ‘ನಾಳೆ ಕಾಕಾನಿಗೆ ಪಿಚ್ಚರ ತೋರಿಸುವುದು.’

ಮೊದಲ ಆ್ಯಪ್‌ನಲ್ಲಿ ಹೆಸರು ಹಾಕಿದೆ. ‘ಇದೇ ಹುಡುಕುತ್ತಿದ್ದೀರಾ?’ ಎಂದು ಅದೇ ಹೆಸರಿನ ಹೊಸ ಚಿತ್ರವೊಂದನ್ನು ಮುಂದಿಟ್ಟಿತು. ಅದರಲ್ಲಿ ನಾಯಕ ಮೊದಲ ಹತ್ತು ನಿಮಿಷದಲ್ಲಿ ಎಂಟು ಜನರನ್ನು ಕೊಲ್ಲುತ್ತಾನೆ. ಇಲ್ಲ, ಇದನ್ನಲ್ಲ ಹುಡುಕಿದ್ದು! ಎರಡನೆಯದರಲ್ಲಿ ಚಿತ್ರದ ಪೋಸ್ಟರಿತ್ತು, ನಾಯಕನ ನಗುವಿತ್ತು, ಒತ್ತಿದರೆ ‘ಪ್ರಸ್ತುತ ಲಭ್ಯವಿಲ್ಲ’. ಮೂರನೆಯದು ‘ನಿಮ್ಮ ಪ್ರದೇಶದಲ್ಲಿ ಈ ಚಿತ್ರ ಲಭ್ಯವಿಲ್ಲ’ ಎಂದಿತು. ನನ್ನ ಪ್ರದೇಶ ಯಾವುದೆಂದು ಅದಕ್ಕೇನು ಗೊತ್ತು? ಈ ಪ್ರದೇಶದ ಜನ ಸೈಕಲ್ಲು ಹೊಡೆದು, ಥೇಟರಿನ ಬಾಕಿನ ಮೇಲೆ ಮೂವರ ಜಾಗದಲ್ಲಿ ಐವರು ಕೂತು ನೋಡಿದ ಚಿತ್ರ ಅದು. ಆಗ ಲಭ್ಯವಿದ್ದದ್ದು ಈಗ ಯಾಕಿಲ್ಲ? ನಮ್ಮ ಗ್ರಂಥಾಲಯದಲ್ಲಿ ಒಂದು ಪುಸ್ತಕ ಇಲ್ಲವೆಂದರೆ ಯಾಕಿಲ್ಲವೆಂದು ಹೇಳಬೇಕಾಗುತ್ತದೆ. ಯಾರೋ ಒಯ್ದಿದ್ದಾರೆ, ಬೈಂಡಿಂಗಿಗೆ ಹೋಗಿದೆ, ಗೆದ್ದಲು ತಿಂದಿದೆ. ಗೆದ್ದಲು ತಿಂದದ್ದಕ್ಕೂ ನಾನು ಸಹಿ ಮಾಡಬೇಕು. ಇವರು ಇಡೀ ಚಿತ್ರವನ್ನೇ ಕಾಣೆ ಮಾಡಿ ಒಂದು ‘ಕ್ಷಮಿಸಿ’ ಅನ್ನುತ್ತಾರೆ, ಪಕ್ಕದಲ್ಲಿ ಅಳುವ ಗೊಂಬೆಯ ಮುಖ ಹಾಕುತ್ತಾರೆ.

ಯಾರೋ ಪುಣ್ಯಾತ್ಮರು ಇಡೀ ಚಿತ್ರವನ್ನು ಹದಿನಾಲ್ಕು ತುಂಡು ಮಾಡಿ ಹಾಕಿದ್ದರು. ಬಣ್ಣ ಮಾಸಿದ ಪ್ರತಿಯಿರಬೇಕು ಅಂದುಕೊಂಡು ಎಂಟರ ತನಕ ನೋಡಿದೆ. ಎಂಟನೆಯ ತುಂಡಿನಲ್ಲಿ ಮಾವ ಕೋಲು ಹಿಡಿದು ಬಾಗಿಲು ತಟ್ಟುತ್ತಾರೆ. ಒಂಬತ್ತನೆಯದಿಲ್ಲ. ಹತ್ತನೆಯದರಲ್ಲಿ ಎಲ್ಲರೂ ದೇವಸ್ಥಾನದಲ್ಲಿದ್ದಾರೆ. ಒಂಬತ್ತರಲ್ಲೇ ನಮ್ಮ ಕತ್ತರಿ ಅಥವಾ ಬುಗುರಿ! ಇನ್ನೊಬ್ಬರು ‘ಹೊಟ್ಟೆ ಹುಣ್ಣಾಗುವ ದೃಶ್ಯ’ ಎಂದು ತುಣುಕೊಂದನ್ನು ಹಾಕಿದ್ದರು. ಅದರಲ್ಲಿ ಪ್ರತಿ ಮಾತಿಗೂ ಕೋಳಿ ಕೂಗುತ್ತದೆ, ನಟರ ಮುಖದ ಮೇಲೆ ನಗುಮುಖದ ಹಳದಿ ಗುಂಡುಗಳು ಉರುಳಾಡುತ್ತವೆ. ನಗು ಎಲ್ಲಿ ಬರಬೇಕೆಂದು ನಮಗೆ ತಿಳಿಯುವುದಿಲ್ಲ ಎಂದು ಇವರಿಗೆ ಹೇಳಿದವರು ಯಾರು?

ಮುಧೋಳದಲ್ಲಿ ಸಿಡಿ ಅಂಗಡಿ ಇಟ್ಟಿದ್ದವರು ನೆನಪಾಗಿ ಒಂದು ರವಿವಾರ ಬಸ್ಸು ಹತ್ತಿದೆ. ಅಂಗಡಿ ಇತ್ತು, ಈಗ ಮೊಬೈಲ್ ಕವರುಗಳದ್ದು.

“ಸಿಡಿ ಏನಾದ್ವು?” ಅಂದೆ.

“ಹೊಲದಾಗ ಅದಾವ್ರಿ ಅಕ್ಕಾರ,” ಅಂದರು ಅವರು ಸಮಾಧಾನವಾಗಿ. “ಜ್ವಾಳದ ಹಕ್ಕಿ ಓಡಸಾಕ ಕಟ್ಟೇವ್ರಿ. ಬಿಸಲಿಗೆ ಭಾಳ ಛಲೋ ಹೊಳಿತಾವ.”

ನಾನು ಬಸ್‌ಸ್ಟ್ಯಾಂಡಿಗೆ ವಾಪಸ್ಸು ನಡೆದೆ. ನಗಬೇಕೋ ಅಳಬೇಕೋ ತಿಳಿಯದ ಸ್ಥಿತಿ ಎಂದು ಬರೆಯುವುದು ವಾಡಿಕೆ. ನನಗೆ ಸ್ಪಷ್ಟವಾಗಿ ಸಿಟ್ಟೇ ಬಂದಿತ್ತು. ಬೀಳಗಿಯ ನಿವೃತ್ತ ಮಾಸ್ತರರೊಬ್ಬರ ಹತ್ತಿರ ಡಿಸ್ಕು ಸಿಕ್ಕಿತು. ಅದನ್ನು ಹಾಕುವ ಯಂತ್ರ ಅವರ ಮನೆಯಲ್ಲೂ ಇಲ್ಲ, ಬೀಳಗಿಯಲ್ಲೂ ಇಲ್ಲ. ಡಿಸ್ಕನ್ನು ಊರು ದಾಟಿಸಲು ಅವರು ಒಪ್ಪಲಿಲ್ಲ.

ಪ್ರತಿ ಸಲ ನಾನು ಬರಿಗೈಲಿ ಬಂದಾಗಲೂ ಕಾಕಾ ಮುಖ ನೋಡುತ್ತಿದ್ದರು, ನಾನು ತಲೆಯಾಡಿಸುತ್ತಿದ್ದೆ. ಅವರು ಸಂಜೆ ಐದಕ್ಕೆ ಅಭ್ಯಾಸದಂತೆ ಚಪ್ಪಲಿ ಮೆಟ್ಟಿಕೊಂಡು, ಹೊಸ್ತಿಲ ತನಕ ಹೋಗಿ, ನೆನಪಾಗಿ ಬಿಚ್ಚಿಡುತ್ತಿದ್ದರು. ನನಗೆ ಸಹಿಸಲಾಗದೆ ಇದ್ದದ್ದು ಅದು. ಒಂದು ದಿನ ನಾನು ಹದಿನಾಲ್ಕು ತುಂಡುಗಳ ಕತೆ ಹೇಳುತ್ತಿದ್ದಾಗ ಚಿಗವ್ವ ರೊಟ್ಟಿ ಬಡಿಯುತ್ತ ಒಳಗಿನಿಂದ, “ಅದರಾಗ ಬೆಕ್ಕ ಐತೇನವಾ?” ಅಂದಳು.

“ಯಾವ ಬೆಕ್ಕ ಚಿಗವ್ವಾ?”

“ಬೆಕ್ಕಂತ ಬೆಕ್ಕ!” ಕಾಕಾ ಕೈ ಬೀಸಿದರು. “ನಾವಿಲ್ಲಿ ಕತ್ತರೀದ ಹೇಳಾಕತ್ತೇವಿ. ನೀ ರೊಟ್ಟಿ ನೋಡ.”

ನಾನೂ ಹತ್ತನೆಯ ತುಂಡಿನ ಕತೆಗೆ ಹೋದೆ. ಆ ಸಂಜೆಯ ದಿನಚರಿಯಲ್ಲಿ ಮೂರು ಆ್ಯಪ್‌ಗಳಿಗೆ ಬೈದು ಎರಡು ಪುಟ ಬರೆದಿದ್ದೇನೆ. ಬೆಕ್ಕಿನ ಮಾತು ಅದರಲ್ಲಿಲ್ಲ.

ಕೊನೆಗೆ ಚಿತ್ರ ಸಿಕ್ಕಿದ್ದು ಎಲ್ಲಿ ಗೊತ್ತೇ? ನಾನು ಮೊದಲು ಹುಡುಕಿದ ಅದೇ ಆ್ಯಪ್‌ನಲ್ಲಿ, ‘ಭಕ್ತಿ’ ಎಂಬ ವಿಭಾಗದಲ್ಲಿ! ಶ್ರಾವಣದ ವಿಶೇಷವೆಂದು ದೇವರ ಚಿತ್ರಗಳನ್ನು ತೋರಿಸುತ್ತಿತ್ತು. ಅವುಗಳ ನಡುವೆ ನಮ್ಮ ನಾಯಕ ಹಲ್ಲು ಕಿರಿದು ಕೂತಿದ್ದ, ಬೇರೆ ಚಿತ್ರವೊಂದರ ಹೆಸರು ಹೊತ್ತು. ಚಿತ್ರದ ಮೊದಲ ದೃಶ್ಯ ಗುಡಿಯಲ್ಲಿ ಶುರುವಾಗುತ್ತದೆ. ಯಾರೋ ಅಷ್ಟೇ ನೋಡಿ ಭಕ್ತಿಯಲ್ಲಿ ಸೇರಿಸಿ ಕೈತೊಳೆದುಕೊಂಡಿದ್ದಾರೆ. ನನ್ನ ಗ್ರಂಥಾಲಯದಲ್ಲಿ ಅಡುಗೆ ಪುಸ್ತಕವನ್ನು ಖಗೋಳಶಾಸ್ತ್ರದಲ್ಲಿ ಇಟ್ಟರೆ ನನ್ನನ್ನು ಯಾರು ಉಳಿಸುತ್ತಾರೆ?

ಊರ ಮಗ್ಗಗಳಿಗೆ ರಜೆಯಿದ್ದ ಒಂದು ಮಧ್ಯಾಹ್ನ ಟಿವಿಗೆ ಅದನ್ನು ಜೋಡಿಸಿದೆ. ರಾಜೇಸಾಬ ಮಾಮಾನ ಮನೆಗೆ ಹೋಗಿ, “ಬರ್ರಿ ಮಾಮಾ, ತೀರ್ಮಾನ ಆಗಲಿ,” ಎಂದು ಕರೆತಂದೆ. ಅವರು ಇಸ್ತ್ರಿ ಮಾಡಿದ ಅಂಗಿ ತೊಟ್ಟು ಬಂದರು. ಇಬ್ಬರೂ ಒಂದೇ ಹೊರಸಿನ ಎರಡು ತುದಿಗೆ, ಗೋಡೆ ನೋಡುತ್ತ ಕೂತರು. ಚಿತ್ರ ಶುರುವಾಯಿತು. ಇದೂ ಕಪ್ಪು ಬಿಳುಪು. ಆ ತುಂಡುಗಳ ಬಣ್ಣ ಮಾಸಿರಲಿಲ್ಲ, ಚಿತ್ರವೇ ಹಾಗೆ.

ನನ್ನ ನೆನಪಿನಲ್ಲಿ ಆ ಸೀರೆ ಅರಿಶಿನ ಬಣ್ಣದ್ದು. ಅಂಚು ಕೆಂಪು. ಎಷ್ಟು ಸ್ಪಷ್ಟವಾಗಿತ್ತೆಂದರೆ ನೀನೂ ಥೇಟರಿನಲ್ಲಿ ಕೂತು ನೋಡಿದ್ದೀಯಾ ಎಂದು ಯಾರಾದರೂ ಕೇಳಿದರೆ ಹೂಂ ಅನ್ನುತ್ತಿದ್ದೆ. ಆ ಅರಿಶಿನ ನನ್ನ ಕಣ್ಣಿಗೆ ಬಂದದ್ದು ಕಾಕಾನ ಮಗ್ಗದಿಂದ. ನೆನಪನ್ನು ನಂಬಬಾರದೆಂದೇ ದಿನಚರಿ ಬರೆಯುವವಳು ನಾನು. ದಿನಚರಿ ಶುರುಮಾಡುವ ಮೊದಲಿನ ನನ್ನ ಬಾಲ್ಯದಲ್ಲಿ ಇನ್ನೇನೇನು ಬಣ್ಣ ಹಚ್ಚಿಕೊಂಡಿದ್ದೇನೋ.

ಮಾವ ಕೋಲು ಹಿಡಿದು ಬಾಗಿಲು ತಟ್ಟಿದರು. ಹೊರಸಿನ ಎರಡೂ ತುದಿಗಳು ಮುಂದಕ್ಕೆ ಬಾಗಿದವು. ನಾಯಕ ಅತ್ತಿತ್ತ ಓಡಿದ. ಮೂಲೆಯಲ್ಲಿದ್ದ ಗಾದಿಯೊಳಗೆ ಸುತ್ತಿಕೊಂಡ. ಸೀರೆಯಲ್ಲ, ಹತ್ತಿಯ ಗಾದಿ! ಮಾವ ಬಂದು ಅದರ ಮೇಲೆ ಕೂತರು. ನಾಯಕ ಸೀನಿದ. ಮುಗಿಯಿತು. ವ್ಯಾಪಾರಿಯೇ ಬರಲಿಲ್ಲ. ಕತ್ತರಿಯೂ ಇಲ್ಲ, ಬುಗುರಿಯೂ ಇಲ್ಲ.

ನಾನು ನಿಲ್ಲಿಸಿದೆ.

“ಕತ್ತರಿಸ್ಯಾರ,” ಅಂದರು ಕಾಕಾ.

“ಹೌದ, ಕತ್ತರಿಸ್ಯಾರ,” ಅಂದರು ರಾಜೇಸಾಬ ಮಾಮಾ. ಎರಡು ತಿಂಗಳಲ್ಲಿ ಅವರು ಒಪ್ಪಿಕೊಂಡ ಮೊದಲ ಮಾತು. “ಇವರಿಗೆ ನಾಚಿಕಿ ಇಲ್ಲೇನವಾ ಸುನೀ? ಮಂದಿ ನಗೂ ಸೀನು ಕತ್ತರಿಸಿ ಗಾದಿ ತುರಕ್ಯಾರ!”

ನಾನೂ ಹಾಗೇ ನಂಬಿದೆ. ಆ್ಯಪ್‌ನವರಿಗೆ ದೂರು ಬರೆಯಲು ಫೋನು ತೆಗೆದೇಬಿಟ್ಟೆ. ಕೈ ತಗುಲಿ ಚಿತ್ರ ಮತ್ತೆ ಓಡತೊಡಗಿತು.

“ಈಗ ಬೆಕ್ಕ ಬರತೈತಿ ನೋಡ್ರಿ,” ಅಂದಳು ಚಿಗವ್ವ, ಅಡುಗೆಮನೆಯ ಬಾಗಿಲಲ್ಲಿ ನಿಂತು.

ಪರದೆಯ ಮೇಲೆ ಮಾವ ನಾಯಕನಿಗೆ ಬೈಯುತ್ತಿದ್ದರು. ಅವರ ಹಿಂದಿನ ಕಿಟಕಿಯಲ್ಲಿ ಒಂದು ಬೆಕ್ಕು ಬಂತು, ಕ್ಯಾಮೆರಾ ನೋಡಿತು, ಹೋಯಿತು. ಕತೆಗೂ ಅದಕ್ಕೂ ಸಂಬಂಧವಿಲ್ಲ. ಚಿತ್ರ ತೆಗೆದವರಿಗೂ ಅದು ಬಂದದ್ದು ಗೊತ್ತಿರಲಿಕ್ಕಿಲ್ಲ. ಯಾರೂ ಅದನ್ನು ಯಾರಿಗೂ ಕೈಯಲ್ಲಿ ಹೇಳಿರಲು ಸಾಧ್ಯವಿಲ್ಲ.

ಮೂವರೂ ಹಿಂತಿರುಗಿ ನೋಡಿದೆವು. ಕಾಕಾಗೆ ಮಾತು ಕೇಳಿಸಿತ್ತೋ ಇಲ್ಲವೋ, ಬೆಕ್ಕು ಕಂಡಿತ್ತು, ಹೆಂಡತಿಯ ಬೆರಳು ಕಂಡಿತ್ತು.

“ನಿನಗ ಹ್ಯಾಂಗ ಗೊತ್ತ?”

“ನೋಡೇನಿ ಅಲ್ರಿ.” ಅವಳು ಜೋರಾಗಿ, ಒಂದೊಂದೇ ಮಾತು ಬಿಡಿಸಿ ಹೇಳಿದಳು. “ನೀವಿಬ್ಬರೂ ಹೋಗಿಲ್ಲ ಆ ಪಿಚ್ಚರಕ್ಕ. ಆ ವಾರ ಮಾಲೀಕರು ಯಾರನ್ನೂ ಬಿಟ್ಟಿರಲಿಲ್ಲ, ಲಗ್ನದ ಸೀರಿ ಲಗೂ ಕೊಡೂದಿತ್ತ. ನಾನೂ ಬಾಜೂಮನಿ ಗಂಗವ್ವನೂ ಹೋಗಿದ್ವಿ. ಅತ್ತಿ ಮುಂದ ಕಣ್ಣಿನ ದವಾಖಾನಿ ಅಂತ ಹೇಳಿದ್ದೆ.”

“ನನಗ್ಯಾಕ ಹೇಳಲಿಲ್ಲ?” ಅಂದರು ಕಾಕಾ. ದನಿಯಲ್ಲಿ ನಿಜವಾದ ನೋವಿತ್ತು.

“ಹೇಳಿದ್ನಲ್ಲರಿ! ಕಂಡಿಕಿ ಕೊಡಾಕ ಬಂದಾಗೆಲ್ಲಾ ಹೇಳಿದೆ. ನಿಮಗೊಮ್ಮೆ, ರಾಜೇಸಾಬಣ್ಣಗೊಮ್ಮೆ. ಎರಡ ಸಲ, ಪೂರಾ ಪಿಚ್ಚರ!”

“ನೀ ಹೋಗಿದ್ದಿ ಅಂತ ಹೇಳಲಿಲ್ಲ.”

“ಯಾರ ನೋಡಿ ಬಂದ್ರು ಅಂತ ನೀವು ಕೇಳಿದ್ರೇನು?”

ರಾಜೇಸಾಬ ಮಾಮಾ ಟೊಪ್ಪಿಗೆ ತೆಗೆದು ತಲೆ ಕೆರೆದುಕೊಂಡರು. “ವೈನೀ, ಮತ್ತ ಸೀರಿ? ಕತ್ತರಿ?”

“ಗಾದಿ ಕೈಯಾಗ ಹ್ಯಾಂಗ ತೋರಸೂದಣ್ಣಾ? ಮಗ್ಗದ ಮನ್ಯಾಗ ಗಾದಿ ಎಲ್ಲಿಂದ ಬರಬೇಕು? ಸೀರಿ ಸುರಳಿ ಅಂತ ತೋರಸಿದೆ, ನಿಮಗ ಥಟ್ಟನ ತಿಳೀತು. ಆಮ್ಯಾಲ ವ್ಯಾಪಾರಿ ಬೇಕಾದ. ಕತ್ತರಿ ಇವರ ಮುಂದ ಮಾಡಿದೆ. ನೀವು ನಗಲಿಲ್ಲಂತ ನಿಮಗ ಬುಗರಿ ಮಾಡಿದೆ.”

ರಾಜೇಸಾಬ ಮಾಮಾ ನಕ್ಕರು. ನಲವತ್ತು ವರ್ಷ ತಡವಾಗಿ ಬುಗುರಿ ಮತ್ತೊಮ್ಮೆ ತಿರುಗಿತು. ಕಾಕಾ ತುಸು ಹೊತ್ತು ಬಿಗಿದುಕೊಂಡು ಕೂತಿದ್ದವರು ಗೆಳೆಯನ ಕಡೆ ತಿರುಗಿ ಕಿರುಬೆರಳೆತ್ತಿದರು: ನೂಲು ಹರಿದಿದೆ. ಮಾಮಾ ಹತ್ತಿರ ಸರಿದು ಗಂಟು ಹಾಕುವಂತೆ ಬೆರಳು ಹೊಸೆದರು. ರಾಜಿಯಾಯಿತು. ಮಾತು ಹೊರಟಿತು, ಯಾವ ಮಾಲೀಕರು, ಯಾವ ಸೀರೆ, ಯಾವ ವಾರ. “ಏ, ಚಾ ಇಡ!” ಅಂದರು ಕಾಕಾ ಹಿಗ್ಗಿನಿಂದ. ಚಿಗವ್ವ ಒಳಗೆ ಹೋದಳು. ಟಿವಿ ತನ್ನ ಪಾಡಿಗೆ ಓಡಿ ಮುಗಿಯಿತು. ನಾನು ಅದೇ ಕೋಣೆಯಲ್ಲಿ ಕೂತು, ಪರದೆ ನೋಡದೆ, ಇದನ್ನೆಲ್ಲ ದಿನಚರಿಯಲ್ಲಿ ಹೇಗೆ ಬರೆಯುವುದೆಂದು ಯೋಚಿಸುತ್ತಿದ್ದೆ. ಎಲ್ಲವೂ ಸರಿಹೋಯಿತು ಎಂದೇ ಬರೆದೆ.

ಸರಿಹೋಗಿರಲಿಲ್ಲ. ನಾಲ್ಕು ದಿನದ ಮೇಲೆ ನಾನು ಮೆಂತ್ಯೆಸೊಪ್ಪು ಬಿಡಿಸುತ್ತಿದ್ದಾಗ ಚಿಗವ್ವ ಹತ್ತಿರ ಬಂದು ಕೂತಳು.

“ಸುನೀ, ಆ ಪಿಚ್ಚರ ಕಡೀಕ ಏನ ಆಕ್ಕೈತಿ?”

“ನೀನ ನೋಡಿದಾಕಿ, ನನ್ನ ಕೇಳತಿ?”

“ಕಡೀತನ ಎಲ್ಲಿ ನೋಡಿದೆ? ಅತ್ತಿ ಹುಡುಕತಾಳಂತ ಅಂಜಿ, ಬೆಕ್ಕು ಬಂದ ಮ್ಯಾಲ ಒಂದ ಹಾಡ ನೋಡಿ ಎದ್ದ ಬಂದ್ವಿ. ಮುಂದಿಂದ ಪೂರಾ ನಾನ ಕಟ್ಟಿ ಹೇಳಿದ್ದು.” ಸೊಪ್ಪಿನ ಒಂದು ಕಡ್ಡಿ ಎತ್ತಿಕೊಂಡು ಅಂದಳು, “ಮೊನ್ನೆ ನೋಡಬೇಕಂದ್ರ, ಚಾ ಇಡೂದಾತು.”

ನಾನು ಸೊಪ್ಪು ಬಿಟ್ಟು ಎದ್ದೆ. ಎಂಟನೆಯ ತುಂಡು, ಹತ್ತನೆಯ ತುಂಡು, ಮುಧೋಳ, ಬೀಳಗಿ, ಭಕ್ತಿ ವಿಭಾಗ, ಎಲ್ಲ ಕಡೆಯೂ ಕೇಳಿದ್ದೆ. ಹತ್ತು ಹೆಜ್ಜೆ ದೂರದಲ್ಲಿ ರೊಟ್ಟಿ ಬಡಿಯುತ್ತಿದ್ದವಳು ತಾನಾಗಿ ಬೆಕ್ಕಿನ ಸಾಕ್ಷಿ ನುಡಿದಾಗಲೂ ಕೇಳಲಿಲ್ಲ. ಚಹಾ ಇಡಲು ಅವಳೇ ಯಾಕೆ ಏಳಬೇಕಾಗಿತ್ತು? ನನಗೆ ಕೈಯಿರಲಿಲ್ಲವೇ? ಆ್ಯಪ್ ತೆರೆದೆ. ಶ್ರಾವಣ ಮುಗಿದಿತ್ತು. ಭಕ್ತಿ ವಿಭಾಗದಲ್ಲಿ ನಾಯಕನಿರಲಿಲ್ಲ. ‘ಪ್ರಸ್ತುತ ಲಭ್ಯವಿಲ್ಲ’ ಎಂದಿತು, ಅದೇ ಅಳುವ ಗೊಂಬೆ. ಹದಿನಾಲ್ಕು ತುಂಡು ಹಾಕಿದ್ದ ಪುಣ್ಯಾತ್ಮರ ಖಾತೆಯೂ ಮುಚ್ಚಿಹೋಗಿತ್ತು.

“ಬಿಡವಾ,” ಅಂದಳು ಚಿಗವ್ವ ನನ್ನ ಮುಖ ನೋಡಿ. “ನಾ ಕಟ್ಟಿದ್ದ ಛಲೋ ಇತ್ತ.”

ಇದ್ದಿರಬಹುದು. ಆದರೆ ನಾನು ಬಿಟ್ಟಿಲ್ಲ. ಆ ಚಿತ್ರವನ್ನು ಥೇಟರಿಗೆ ಹೋಗಿ ನೋಡಿದ್ದು ನಮ್ಮ ಮನೆಯಲ್ಲಿ ಒಬ್ಬಳೇ, ಅದರ ಕೊನೆ ಗೊತ್ತಿಲ್ಲದವಳೂ ಅವಳೇ. ಕಾಕಾ ಈಗ ಐದಕ್ಕೆ ಚಪ್ಪಲಿ ಮೆಟ್ಟಿ ಹೊರಟರೆ ಏಳಕ್ಕೆ ಬರುತ್ತಾರೆ. ನಾನು ಬಸ್ಸಿಳಿದು ಬರುವ ಹೊತ್ತಿಗೆ ಚಿಗವ್ವ ಕೈ ಒರೆಸಿಕೊಳ್ಳುತ್ತ ಹೊಸ್ತಿಲಿಗೆ ಬಂದು ನಿಂತಿರುತ್ತಾಳೆ. ಬಾಯಿಬಿಟ್ಟು ಏನೂ ಕೇಳುವುದಿಲ್ಲ. ಎರಡೂ ಕೈ ಎತ್ತಿ, ಒಂದರ ಸುತ್ತ ಒಂದನ್ನು ಸುತ್ತಿ, ಸುರುಳಿ ತುಂಬಿತೇ ಎಂದು ಹುಬ್ಬು ಹಾರಿಸುತ್ತಾಳೆ.

ನಾನು ಕಿರುಬೆರಳೆತ್ತುತ್ತೇನೆ.